ಲಾನಿ ಡೊನೆಗನ್‌ಗೆ ಮೋಸ ಆಯಿತು ಸರಿ, ಆಮೇಲೆ?

ದೊಡ್ಡಮಾವ: (ಫಾರ್ವರ್ಡ್) ಸ್ಕಾಟ್ಲೆಂಡಿನ ಬಡ ಗಾಯಕ ಲಾನಿ ಡೊನೆಗನ್. 1931ರಲ್ಲಿ ಗ್ಲಾಸ್ಗೋದಲ್ಲಿ ಹುಟ್ಟಿದ. ಇವನಿಲ್ಲದಿದ್ದರೆ ಬೀಟಲ್ಸ್ ಇಲ್ಲ. ಲೋಕವೇ ಕುಣಿದ ಹಾಡಿಗೆ ಕಂಪನಿ ಕೊಟ್ಟಿದ್ದು ಕೆಲವೇ ಪೌಂಡ್. ಜೀವನಪೂರ್ತಿ ಮೋಸ ಹೋದ ಕಲಾವಿದ. ಎಲ್ಲರಿಗೂ ಕಳಿಸಿ.

ಚಿಕ್ಕಮ್ಮ: ಅಣ್ಣ, ಯಾರಿದು? ಹೆಸರೇ ಕೇಳಿಲ್ಲ.

ದೊಡ್ಡಮಾವ: 'ರಾಕ್ ಐಲ್ಯಾಂಡ್ ಲೈನ್' ಕೇಳು, ಗೊತ್ತಾಗುತ್ತದೆ. ಮೊದಲು ಕಥೆ ಹೇಳುವ ಹಾಗೆ ಸುಮ್ನೆ ಮಾತಾಡುತ್ತಾನೆ. ರೈಲು ಓಡಿಸುವವನು ಸುಂಕದ ಗೇಟಿನಲ್ಲಿ ದನ, ಕುದುರೆ, ಕುರಿ ಇದೆ ಅಂತ ಸುಳ್ಳು ಹೇಳಿ ದಾಟುತ್ತಾನೆ, ಒಳಗೆ ಇರುವುದು ಬರೀ ಕಬ್ಬಿಣ. ಆಮೇಲೆ ರೈಲಿನ ಹಾಗೇ ಹಾಡೂ ವೇಗ ಹಿಡಿಯುತ್ತದೆ. ಕೊನೆಗೆ ಉಸಿರು ಬಿಡುವುದಕ್ಕೂ ಜಾಗ ಇಲ್ಲ. ಪಕ್ಕದಲ್ಲಿ ಬಟ್ಟೆ ಉಜ್ಜುವ ತಗಡಿನ ಹಲಗೆ ಬಾರಿಸುತ್ತಿರುವವರು ಬೆರಿಲ್ ಬ್ರೈಡನ್ ಅಂತ ಒಬ್ಬ ಹೆಂಗಸು. ಹೀಗೆ ಮನೆಯ ಸಾಮಾನನ್ನೂ ಬಾರಿಸಿಕೊಂಡು ಹಾಡುವ ಸಂಗೀತವನ್ನೇ ಸ್ಕಿಫ್ಲ್ ಅನ್ನುತ್ತಿದ್ದರು.

ಭಾವ: ಮಾವ, ಹುಟ್ಟಿದ್ದು ಇಲ್ಲೇ ಗ್ಲಾಸ್ಗೋದ ಬ್ರಿಡ್ಜ್‌ಟನ್‌ನಲ್ಲಿ, ನಿಜ. ಆದರೆ ಎರಡು ವರ್ಷದ ಮಗುವಾಗಿದ್ದಾಗಲೇ ಲಂಡನ್ ಕಡೆ ಈಸ್ಟ್ ಹ್ಯಾಮ್‌ಗೆ ಹೋದರು. ಅಪ್ಪ ಸ್ಕಾಟಿಷ್, ಪಿಟೀಲು ನುಡಿಸುತ್ತಿದ್ದವರು. ಅಮ್ಮ ಐರಿಷ್.

ದೊಡ್ಡಮಾವ: ಹುಟ್ಟಿದ ಊರು ಊರೇ ಅಲ್ವಾ.

ನಾನು: ಅದಿರಲಿ ಮಾವ. 'ಜೀವನಪೂರ್ತಿ ಮೋಸ' ಅನ್ನುವುದನ್ನು ನಾನು ಒಪ್ಪುವುದಿಲ್ಲ. ಮೋಸ ಆಗಿದ್ದು ಆ ಒಂದು ಹಾಡಿನಲ್ಲಿ. 1954ರಲ್ಲಿ ಕ್ರಿಸ್ ಬಾರ್ಬರ್ ಅವರ ಜಾಝ್ ತಂಡದ ಜೊತೆ ಡೆಕ್ಕಾ ಅನ್ನುವ ರೆಕಾರ್ಡ್ ಕಂಪನಿಗೆ ಹಾಡಿದರು, ಒಂದು ಸಲದ ಸಂಭಾವನೆ ಅಷ್ಟೇ. ಅದು ಬ್ರಿಟನ್, ಅಮೆರಿಕ ಎರಡೂ ಕಡೆ ಜನಪ್ರಿಯ ಹಾಡುಗಳ ಪಟ್ಟಿಯ ಮೊದಲ ಹತ್ತರಲ್ಲಿ ಬಂದಾಗ ರಾಯಲ್ಟಿ, ಅಂದರೆ ಮಾರಾಟದ ಪಾಲು, ಸಿಗಲಿಲ್ಲ. ಆದರೆ 1957ರಲ್ಲಿ ಎರಡು ಸಲ, 1960ರಲ್ಲಿ ಮತ್ತೊಂದು ಸಲ ಬ್ರಿಟನ್ನಿನ ಪಟ್ಟಿಯಲ್ಲಿ ಒಂದನೇ ಸ್ಥಾನಕ್ಕೆ ಬಂದವರು ಬಡವರಾಗಿ ಉಳಿಯುತ್ತಾರಾ? ಹಾಡುಗಳ ಹಕ್ಕು ಇಟ್ಟುಕೊಳ್ಳುವ ಸ್ವಂತ ಪ್ರಕಾಶನ ಕಂಪನಿಯೂ ಇತ್ತು, ಟೈಲರ್ ಮ್ಯೂಸಿಕ್.

ದೊಡ್ಡಮಾವ: ಇದ್ದರೆ ತಪ್ಪೇನು?

ನಾನು: ಇದ್ದದ್ದು ತಪ್ಪಲ್ಲ. ಜಸ್ಟಿನ್ ಹೇವರ್ಡ್ ಅಂತ ಹದಿಹರೆಯದ ಹುಡುಗ, ಮೂಡಿ ಬ್ಲೂಸ್ ಅನ್ನುವ ರಾಕ್ ತಂಡಕ್ಕೆ ಸೇರುವ ಮೊದಲು ಆ ಕಂಪನಿಯ ಜೊತೆ 8 ವರ್ಷದ ಒಪ್ಪಂದಕ್ಕೆ ಸಹಿ ಹಾಕಿದ. ಆಮೇಲೆ 1967ರಲ್ಲಿ ಬಂದ 'ನೈಟ್ಸ್ ಇನ್ ವೈಟ್ ಸ್ಯಾಟಿನ್' ಅವನದೇ ಹಾಡು. ಹಕ್ಕು ಮಾತ್ರ ಟೈಲರ್ ಮ್ಯೂಸಿಕ್‌ನ ಪಾಲಾಯಿತು. ಸಹಿ ಹಾಕಿದ್ದಕ್ಕೆ ಅವನು ಎಷ್ಟೋ ಸಲ ನೊಂದುಕೊಂಡಿದ್ದಾನೆ. ಇದನ್ನು ಓದಿದ ಮೇಲೆ ನನಗೆ ನಿಮ್ಮ ಫಾರ್ವರ್ಡ್ ಓದಿ ಕಣ್ಣೀರು ಬರುವುದಿಲ್ಲ.

ದೊಡ್ಡಮಾವ: ಅವನೇ ಒಪ್ಪಿ ಸಹಿ ಹಾಕಿದ್ದಲ್ಲವೇನಮ್ಮ? ಒಪ್ಪಂದ ಅಂದರೆ ಒಪ್ಪಂದ.

ನಾನು: ಹಾಗಾದರೆ ಡೊನೆಗನ್ ಕೂಡ ಒಪ್ಪಿಯೇ ಆ ಪೌಂಡ್ ತೆಗೆದುಕೊಂಡಿದ್ದು ಮಾವ. ಒಬ್ಬರದು ಮೋಸ, ಇನ್ನೊಬ್ಬರದು ಒಪ್ಪಂದ ಹೇಗಾಗುತ್ತದೆ? ಆ ನೋವು ಗೊತ್ತಿದ್ದವರೇ ಹೀಗೆ ಮಾಡಿದರು ಅನ್ನುವುದು ನನಗೆ ಇನ್ನೂ ಜಾಸ್ತಿ ಬೇಜಾರು.

ಚಿಕ್ಕಮ್ಮ: ಈ ರೈಲಿನ ಹಾಡು ಬರೆದದ್ದು ಇವರೇನಾ?

ಭಾವ: ಅಲ್ಲ ಚಿಕ್ಕಮ್ಮ. ಅಮೆರಿಕದ ಅರ್ಕನ್ಸಾದ ಜೈಲಿನಲ್ಲಿ ಕೆಲ್ಲಿ ಪೇಸ್ ಅನ್ನುವ ಕೈದಿ ಮತ್ತು ಅವನ ಜೊತೆಗಾರರು ಹಾಡಿದ್ದು. 1934ರಲ್ಲಿ ಜನಪದ ಹಾಡು ಸಂಗ್ರಹಿಸುತ್ತಿದ್ದ ಜಾನ್ ಲೋಮ್ಯಾಕ್ಸ್ ಧ್ವನಿಮುದ್ರಿಸಿದರು. ಜೊತೆಗೆ ಅಮೆರಿಕದ ಜನಪದ ಗಾಯಕ ಲೆಡ್ ಬೆಲ್ಲಿ ಇದ್ದರು, ಮುಂದೆ ಅವರೂ ಹಾಡಿದರು. 1949ರಲ್ಲೇ ತೀರಿಕೊಂಡರು, ಡೊನೆಗನ್ ಹಾಡಿದಾಗ ಸಿಕ್ಕ ಈ ಗೆಲುವು ನೋಡಲಿಲ್ಲ.

ಚಿಕ್ಕಮ್ಮ: ಜೈಲಿನವರ ಹಾಡು! ಫಾರ್ವರ್ಡಿನಲ್ಲಿ ಅವರ ಸುದ್ದಿಯೇ ಇಲ್ಲವಲ್ಲ ಅಣ್ಣ.

ದೊಡ್ಡಮಾವ: ಸರಿ, ದುಡ್ಡಿನ ವಿಷಯದಲ್ಲಿ ನೀವು ಹೇಳುವುದು ಇರಬಹುದು. ಆದರೆ ಅವನು ಕೊಟ್ಟಿದ್ದನ್ನೂ ನೋಡಿ. ಟೀಪುಡಿ ಬರುವ ಮರದ ಪೆಟ್ಟಿಗೆ, ಒಂದು ಪೊರಕೆ ಕೋಲು, ಒಂದು ದಾರ, ಅಷ್ಟಿದ್ದರೆ ಯಾವ ಹುಡುಗ ಬೇಕಾದರೂ ಬಾಸ್, ಅಂದರೆ ತಗ್ಗು ದನಿಯ ತಂತಿವಾದ್ಯ, ನುಡಿಸಬಹುದು ಅಂತ ತೋರಿಸಿದ. ದುಡ್ಡಿಲ್ಲದ ಮನೆಯ ಹುಡುಗರು ಬೀದಿ ಬೀದಿಯಲ್ಲಿ ತಂಡ ಕಟ್ಟಿದರು. 1957ರ ಜುಲೈ 6ರಂದು ಲಿವರ್‌ಪೂಲ್‌ನ ಚರ್ಚ್ ಜಾತ್ರೆಯಲ್ಲಿ ಜಾನ್ ಲೆನನ್ ಹಾಡಿದ್ದರಲ್ಲಿ 'ಪುಟಿಂಗ್ ಆನ್ ದ ಸ್ಟೈಲ್' ಕೂಡ ಇತ್ತು. ಡೊನೆಗನ್‌ನದೇ ಆ ವರ್ಷದ ಒಂದನೇ ಸ್ಥಾನದ ಹಾಡು. ಪಾಲ್ ಮೆಕಾರ್ಟ್ನಿ ಲೆನನ್‌ನನ್ನು ಮೊದಲ ಸಲ ಭೇಟಿಯಾದದ್ದು ಅದೇ ದಿನ, ಮುಂದೆ ಇಬ್ಬರೂ ಬೀಟಲ್ಸ್ ಆದರು. ಇದನ್ನು ಯಾವ ಒಪ್ಪಂದದಲ್ಲಿ ಬರೆಯುತ್ತೀಯ?

ನಾನು: ಅದನ್ನು ನಾನು ಅಲ್ಲಗಳೆಯುವುದಿಲ್ಲ ಮಾವ. 1976ರಲ್ಲಿ ಹೃದಯಾಘಾತ ಆದ ಮೇಲೂ ಬಿಡದೆ ಹಾಡಿದರು, 2002ರಲ್ಲಿ ಕಾರ್ಯಕ್ರಮಗಳ ಪ್ರವಾಸದಲ್ಲಿದ್ದಾಗಲೇ ತೀರಿಹೋದರು. ನನಗೂ ಅವರ ದನಿ ಇಷ್ಟ. ಆ ಫಾರ್ವರ್ಡ್ ತಿದ್ದಿ ಹಾಕಿ ಅಂತಷ್ಟೇ ಕೇಳುತ್ತಿದ್ದೇನೆ.

ದೊಡ್ಡಮಾವ: ಬರೆದದ್ದು ನಾನಲ್ಲ, ತಿದ್ದುವುದಿಲ್ಲ. ಕೆಳಗೆ ಸೇರಿಸುತ್ತೇನೆ. ಆ ಕೈದಿಯ ಹೆಸರು ಇನ್ನೊಂದು ಸಲ ಕಳಿಸಿ.

ಭಾವ: ಕೆಲ್ಲಿ ಪೇಸ್.

ನಾನು: ಜಸ್ಟಿನ್ ಹೇವರ್ಡ್‌ದೂ ಸೇರಿಸಿ ಮಾವ.

ದೊಡ್ಡಮಾವ: ಅವನ ಹಾಡು ಮೊದಲು ಕಳಿಸು. ಕೇಳಿ ಆಮೇಲೆ ಹೇಳುತ್ತೇನೆ.