ಮೊದಲ ಓರಿಯಂಟೀರಿಂಗ್ ಸ್ಪರ್ಧೆಗೆ ಹೇಗೆ ತಯಾರಾದಿರಿ?

ಸ್ವೀಡನ್‌ಗೆ ಬಂದು ಎರಡು ವರ್ಷವಾಯಿತು. ಜುಲೈನಲ್ಲಿ ಇಲ್ಲಿನ ದೊಡ್ಡ ಓರಿಯಂಟೀರಿಂಗ್ ಸ್ಪರ್ಧೆ ಓ-ರಿಂಗೆನ್ ಓಡುವ ಆಸೆ. 10 ಕಿಲೋಮೀಟರ್ ಓಡಿ ಅಭ್ಯಾಸವಿದೆ. ಆದರೆ ಓರಿಯಂಟೀರಿಂಗ್‌ನಲ್ಲಿ ಮಾಡುವ ಹಾಗೆ ಮ್ಯಾಪ್, ಕಂಪಾಸ್ ಹಿಡಿದು, ಗೊತ್ತುಮಾಡಿದ ಜಾಗಗಳನ್ನು ಹುಡುಕುತ್ತಾ ಕಾಡಿನಲ್ಲಿ ಓಡಿದ್ದೇ ಇಲ್ಲ. ಓಡಿದವರು ನಿಮ್ಮ ಅನುಭವ ಹೇಳ್ತೀರಾ?

—

ಓಟ ಚೆನ್ನಾಗಿ ಬರುವವರೇ ಮೊದಮೊದಲು ಜಾಸ್ತಿ ದಾರಿ ತಪ್ಪುವುದು. ನನಗೆ ಹಾಗೇ ಆಯಿತು. ಮೂರನೇ ಕಂಟ್ರೋಲ್‌ಗೆ (ಬಾವುಟ ಇಟ್ಟಿರುವ, ನಾವು ಮುಟ್ಟಬೇಕಾದ ಜಾಗ) ಕಂಪಾಸ್ ಮುಳ್ಳನ್ನೇ ನಂಬಿ ನೇರ ಓಡಿದೆ. ನಡುವೆ ಜವುಗು ಬಂತು, ಬಳಸಿಕೊಂಡು ಹೋದೆ. ಆಮೇಲೆ ಮತ್ತೆ ಅದೇ ದಿಕ್ಕು ಹಿಡಿದೆ. ಅಷ್ಟರಲ್ಲಿ ನೂರು ಮೀಟರ್ ಎಡಕ್ಕೆ ಸರಿದಿದ್ದೆ, ಗೊತ್ತೇ ಆಗಲಿಲ್ಲ. ಮುಂದೆ ಬಂಡೆ ಕಂಡಿತು, ಪಕ್ಕದಲ್ಲೇ ಕಿತ್ತಳೆ-ಬಿಳಿ ಬಾವುಟ. ಹತ್ತಿರ ಹೋಗಿ ನೋಡಿದರೆ ಅದರ ನಂಬರ್ ನನ್ನದಲ್ಲ. 20 ನಿಮಿಷ ಹೋಯಿತು.

ಈಗ ಬಾವುಟವನ್ನು ನೇರವಾಗಿ ಹುಡುಕುವುದಿಲ್ಲ. ಅದರ ಹತ್ತಿರ ಕಣ್ತಪ್ಪದ ಒಂದು ಗುರುತು ಮ್ಯಾಪಿನಲ್ಲಿ ಆರಿಸಿಕೊಳ್ಳುತ್ತೇನೆ. ಎರಡು ಕಾಲುದಾರಿ ಕೂಡುವ ಜಾಗ, ಕೆರೆಯ ಮೂಲೆ, ಹೀಗೆ. ಅಲ್ಲಿವರೆಗೆ ಜೋರಾಗಿ ಓಡಬಹುದು. ಅಲ್ಲಿಂದ ಕಂಪಾಸ್ ಹಿಡಿದು, ಹೆಜ್ಜೆ ಎಣಿಸುತ್ತಾ ನಿಧಾನವಾಗಿ ಹೋಗಿ. 1:10,000 ಮ್ಯಾಪಿನಲ್ಲಿ 1 ಸೆಂಟಿಮೀಟರ್ ಅಂದರೆ 100 ಮೀಟರ್. ಅಷ್ಟು ದೂರಕ್ಕೆ ನಿಮಗೆ ಎಷ್ಟು ಹೆಜ್ಜೆ ಬೇಕು ಅಂತ ಮೊದಲೇ ಅಳೆದಿಟ್ಟುಕೊಳ್ಳಿ. ರಸ್ತೆಯ ಮೇಲಲ್ಲ, ಕಾಡಿನಲ್ಲೇ ಅಳೆಯಿರಿ.

—

ಮಲೆನಾಡಿನವಳು ನಾನು. ಕಾಡು ಹೊಸದಲ್ಲ ಅಂದುಕೊಂಡೇ ಹೋಗಿದ್ದೆ. ನಮ್ಮೂರಲ್ಲಿ ಇಳಿಜಾರು ಹಿಡಿದು ಇಳಿದರೆ ಹಳ್ಳ ಸಿಗುತ್ತದೆ, ಅಲ್ವಾ? ನಾನು ಓಡಿದ ಕಾಡಿನಲ್ಲಿ ಎಲ್ಲಿ ನೋಡಿದರೂ ಸಣ್ಣ ಸಣ್ಣ ದಿಬ್ಬ, ಒಂದರ ಹಾಗೇ ಇನ್ನೊಂದು. ಮ್ಯಾಪಿನಲ್ಲಿ ಏರು-ತಗ್ಗು ತೋರಿಸುವ ಕಂದು ಗೆರೆ ಓದಲು ಕಲಿತ ಮೇಲೆಯೇ ಧೈರ್ಯ ಬಂದದ್ದು. ಗೆರೆ ಹತ್ತಿರ ಹತ್ತಿರ ಇದ್ದರೆ ಕಡಿದಾದ ಏರು.

ಮ್ಯಾಪಿನ ಬಣ್ಣಗಳನ್ನೂ ಕಲಿತುಕೊಳ್ಳಿ. ಬಿಳಿ ಅಂದರೆ ಬಯಲಲ್ಲ, ಸಲೀಸಾಗಿ ಓಡಬಹುದಾದ ಕಾಡು. ಬಯಲು ಹಳದಿ. ಹಸಿರು ಗಾಢವಾದಷ್ಟೂ ನುಗ್ಗುವುದು ಕಷ್ಟ. ಹೆಬ್ಬೆರಳು ಯಾವಾಗಲೂ ನೀವಿರುವ ಜಾಗದ ಮೇಲೇ ಇರಲಿ. ತಿರುಗಿದಾಗಲೆಲ್ಲ ಮ್ಯಾಪನ್ನು ಉತ್ತರಕ್ಕೆ ಸರಿಮಾಡಿಕೊಳ್ಳಿ. ಅದರ ಮೇಲಿನ ಉತ್ತರದ ಗೆರೆಗಳು ಕಂಪಾಸ್ ಮುಳ್ಳಿಗೆ ಹೊಂದುವಂತೆಯೇ ಇರುತ್ತವೆ, ಬೇರೆ ಲೆಕ್ಕ ಬೇಡ.

—

ಓ-ರಿಂಗೆನ್‌ನಲ್ಲಿ ಯಾರು ಬೇಕಾದರೂ ಓಡಬಹುದಾದ ಮುಕ್ತ ವಿಭಾಗ ಇದೆ, ಅದರಲ್ಲಿ ಸುಲಭದ ದಾರಿಯಿಂದ ಶುರು ಮಾಡಿ. ಉದ್ದ ಪ್ಯಾಂಟ್ ಹಾಕಿಕೊಳ್ಳಿ. ಮನೆಗೆ ಬಂದ ಕೂಡಲೇ ಮೈಮೇಲೆ ಉಣ್ಣಿ ಕಚ್ಚಿದೆಯಾ ನೋಡಿಕೊಳ್ಳಿ, ಮೊಣಕಾಲ ಹಿಂದೆಯೂ. ಅರ್ಧಕ್ಕೇ ಬಿಟ್ಟರೂ ಫಿನಿಶ್‌ಗೆ ಹೋಗಿ, ಯಾವ ಕಂಟ್ರೋಲ್ ಮುಟ್ಟಿದಿರಿ ಅಂತ ದಾಖಲಿಸುವ ಚಿಪ್ ಓದಿಸಲೇಬೇಕು. ಇಲ್ಲದಿದ್ದರೆ ನೀವಿನ್ನೂ ಕಾಡಿನಲ್ಲೇ ಇದ್ದೀರಿ ಅಂತ ಹುಡುಕಲು ಜನ ಹೊರಡುತ್ತಾರೆ.