ಅಡಿಕೆ ಮರ ಹತ್ತಲು ಹೆದರಿಕೆ: ನಿಮ್ಮ ಅನುಭವ ಹೇಳಿ

ಊರು ಕಾಸರಗೋಡಿನ ಬದಿಯಡ್ಕದ ಹತ್ತಿರ. ಪ್ರಾಯ 27. ಬೆಂಗಳೂರಿನ ಕೆಲಸ ಬಿಟ್ಟು ಅಪ್ಪನ ತೋಟಕ್ಕೆ ಬಂದಿದ್ದೇನೆ. ಅರ್ಧ ಮರ ಹತ್ತುವಾಗಲೇ ಕೈಕಾಲು ನಡುಗುತ್ತದೆ. "ಗಂಡುಮಗ ಅಲ್ವಾ ನೀನು?" ಎಂದು ಮಾವ ಹತ್ತು ಜನರ ಎದುರು ಕೇಳಿದರು. ಈ ಮಳೆಗಾಲ ಅಡಿಕೆ ಗೊನೆಗೆ ಮದ್ದು ಬಿಡಲು (ಸಿಂಪಡಿಸಲು) ನಾನೇ ಹತ್ತಬೇಕಾ?

ಉತ್ತರ 1

ತಮ್ಮಾ, ಹತ್ತಬೇಡ. ನಾನು ಹತ್ತಿ ಬಿದ್ದವನು.

ನನಗೂ ಹೆದರಿಕೆ ಇತ್ತು. ಯಾರಿಗೂ ಹೇಳಿರಲಿಲ್ಲ. ಆ ವರ್ಷ ಕೊಳೆರೋಗ, ಅಂದರೆ ಮಳೆಗೆ ಅಡಿಕೆಕಾಯಿ ಕೊಳೆತು ಉದುರುವ ರೋಗ, ಜೋರು. ಮೊದಲ ಮದ್ದು ಬಿಟ್ಟು 45 ದಿನ ಕಳೆದಿತ್ತು, ಎರಡನೆಯದು ಬಿಡಲೇಬೇಕಿತ್ತು. ಬರುತ್ತೇನೆಂದ ಕೆಲಸದವ ಬರಲಿಲ್ಲ. ಮೈಲುತುತ್ತು (ತಾಮ್ರದ ಸಲ್ಫೇಟ್), ಸುಣ್ಣ ಕಲಸಿ ಮದ್ದು ತಯಾರಾಗಿತ್ತು, ಅದನ್ನು ಮರುದಿನಕ್ಕೆ ಇಡುವ ಹಾಗಿಲ್ಲ. "ಮನೆಯಲ್ಲಿ ಗಂಡಸರಿಲ್ವಾ?" ಎಂದು ಪಕ್ಕದ ತೋಟದವರು ಕೇಳಿದ್ದೇ ತಡ, ಕಾಲಿಗೆ ತಳೆ (ಮರ ಹತ್ತುವ ಬಳೆಯಂಥ ಹಗ್ಗ) ಹಾಕಿ ಹತ್ತಿದೆ. ಮರ ಪಾಚಿ ಕಟ್ಟಿತ್ತು. ಜಾರಿದೆ. ಬೆನ್ನುಮೂಳೆ ಬಿರುಕು ಬಿಟ್ಟು 3 ತಿಂಗಳು ಹಾಸಿಗೆ ಹಿಡಿದೆ.

ಕೇಳಿದವರು ಒಂದು ದಿನ ಬಂದು ನೋಡಿಕೊಂಡು ಹೋದರು. ಸ್ನಾನ ಮಾಡಿಸಿದ್ದು ಹೆಂಡತಿ. ನೋವಿಗಿಂತ ನಾಚಿಕೆಯೇ ಜಾಸ್ತಿ ಆಗಿತ್ತು. ರಾತ್ರಿ ಗೋಡೆ ಕಡೆ ತಿರುಗಿ ಅಳುತ್ತಿದ್ದೆ. ಒಮ್ಮೆ ಅಪ್ಪ ಬಂದು ಪಕ್ಕದಲ್ಲಿ ಕೂತರು. "ನನಗೂ ಪ್ರತಿ ಸಲ ಹೆದರಿಕೆ ಆಗುತ್ತಿತ್ತು ಮಗಾ" ಎಂದರು. 30 ವರ್ಷ ಮರ ಹತ್ತಿದವರು! ಆ ಮಾತು ಮೊದಲೇ ಕಿವಿಗೆ ಬಿದ್ದಿದ್ದರೆ ನಾನು ಹತ್ತುತ್ತಿರಲಿಲ್ಲ.

ಈಗ ಕಾರ್ಬನ್ ಫೈಬರ್ ದೋಟಿ (ಉದ್ದ ಕೋಲು) ಇದೆ. ನೆಲದಲ್ಲೇ ನಿಂತು ಮದ್ದು ಬಿಡುತ್ತೇನೆ, ಅಡಿಕೆ ಗೊನೆಯೂ ತೆಗೆಯುತ್ತೇನೆ. ಮೊದಮೊದಲು ಕತ್ತು ನೋಯುತ್ತದೆ, ಕೈ ಪಳಗಬೇಕು. ಒಬ್ಬನಿಗೆ ದುಬಾರಿ, ನಾವು 3 ಮನೆಯವರು ಸೇರಿ ತೆಗೆದುಕೊಂಡೆವು. ಕರೆಂಟಿನ ತಂತಿ ಇರುವಲ್ಲಿ ಮಾತ್ರ ಎತ್ತಲೇಬೇಡ. ಕಾರ್ಬನ್ ಫೈಬರ್‌ನಲ್ಲಿ ಕರೆಂಟ್ ಹರಿಯುತ್ತದೆ.

ಉತ್ತರ 2

ನಾನು ಪೆರ್ಲ ಕಡೆಯವಳು. ಮರ ಹತ್ತಲು ಹೆದರಿಕೆ ಎಂದು ನನ್ನ ಗಂಡ ಹೆಣ್ಣು ನೋಡಲು ಬಂದ ದಿನವೇ ಹೇಳಿದ್ದರು. ಇವರು ನನ್ನ ಹತ್ತಿರ ಏನನ್ನೂ ಮುಚ್ಚಿಡುವವರಲ್ಲ ಅನ್ನಿಸಿತು. ಒಪ್ಪಿದ್ದು ಅದಕ್ಕೇ. ಮಾವನಿಗೆ ಉತ್ತರ ಆಮೇಲೆ ಕೊಡಿ. ಮೊದಲು ಅಪ್ಪನ ಹತ್ತಿರ ಕೂತು ಹೇಳಿ.

ಉತ್ತರ 3

ನಾನೂ ನಿನ್ನ ಪ್ರಾಯದವನೇ. ಇಂಥ ಮಾತು ಕೇಳಿ ಕೇಳಿ ನಿದ್ದೆ ಹೋಗಿತ್ತು. 14416ಕ್ಕೆ ಫೋನ್ ಮಾಡಿದೆ. ಅದು ಸರಕಾರದ ಟೆಲಿ ಮಾನಸ್, ಮನಸ್ಸಿನ ತೊಂದರೆಗೆ ಇರುವ ಸಹಾಯವಾಣಿ, ದುಡ್ಡು ಕೊಡಬೇಕಾಗಿಲ್ಲ, ಕನ್ನಡದಲ್ಲೂ ಮಾತಾಡಬಹುದು. ದೋಟಿ ಹಿಡಿದು ನೋಡಬೇಕಿದ್ದರೆ ಮುಳ್ಳೇರಿಯಕ್ಕೆ ಬಾ, ನಮ್ಮ ತೋಟದಲ್ಲಿ ಉಂಟು.