ಪದ ಬೇಕು: ಕ್ಯಾನ್ಸರ್ ಶ್ವಾಸಕೋಶಕ್ಕೆ ‘ಹರಡಿದೆ’ ಅನ್ನದೆ ಹೇಗೆ ಹೇಳುವುದು?

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಅವಸರದಲ್ಲಿದ್ದೇನೆ. ಶನಿವಾರ ನಮ್ಮ ಕಾಸರಗೋಡಿನ ಬದಿಯಡ್ಕದ ಪ್ರೆಸ್ಸಿಗೆ ಒಂದು ಕರಪತ್ರ ಕೊಡಬೇಕು. ದೊಡ್ಡ ಕರುಳಿನ ಕ್ಯಾನ್ಸರ್ ಶ್ವಾಸಕೋಶಕ್ಕೂ ಹೋದವರ ಮನೆಯವರಿಗಾಗಿ ನಾಲ್ಕು ಪುಟ. ಮೂಲ ಇಂಗ್ಲಿಷ್. ಮಲಯಾಳ ಆಗಿದೆ, ಕನ್ನಡ ನನ್ನ ಪಾಲಿಗೆ ಬಂದಿದೆ. ನಾನು ನಿಂತುಬಿಟ್ಟಿರುವುದು ಮೆಟಾಸ್ಟಾಸಿಸ್ ಅನ್ನುವ ಒಂದೇ ಪದದಲ್ಲಿ. ಅಂದರೆ ಕ್ಯಾನ್ಸರ್ ಹುಟ್ಟಿದ ಅಂಗದಿಂದ ಬೇರೆ ಅಂಗಕ್ಕೂ ಹೋಗುವುದು.

‘ಹರಡಿದೆ’ ಅಂತ ಬರೆದರೆ ಆಯ್ತಲ್ವಾ ಅನ್ನಬೇಡಿ. ನನ್ನ ದೊಡ್ಡಮ್ಮನಿಗೆ ಇದೇ ಕಾಯಿಲೆ. ಡಾಕ್ಟರು “ಲಂಗ್ಸಿಗೆ ಹರಡಿದೆ” ಅಂದರು. ಮರುದಿನ ದೊಡ್ಡಮ್ಮನ ಸ್ಟೀಲ್ ಲೋಟ ಅಡುಗೆಮನೆಯ ಸಾಲು ಬಿಟ್ಟು ಕಿಟಕಿಯ ದಂಡೆಗೆ ಬಂದಿತ್ತು. ಬೇರೆಯವರು ತಪ್ಪಿ ಎತ್ತಬಾರದು ಅಂತ ಅದರ ಕಂಠಕ್ಕೆ ಕೆಂಪು ನೂಲು ಕಟ್ಟಿದ್ದರು. ಮೊಮ್ಮಗಳನ್ನು ಹತ್ತಿರ ಬಿಡಲಿಲ್ಲ. ಯಾರ ಮನಸ್ಸೂ ಕೆಟ್ಟದ್ದಲ್ಲ. ಹರಡುವುದು ಅಂದರೆ ನಮಗೆ ಜ್ವರ, ಕಜ್ಜಿ, ಕೊರೋನಾ. ಶ್ವಾಸಕೋಶ ಅಂದಮೇಲಂತೂ ಕ್ಷಯದ ಕಡೆಗೇ ಮನಸ್ಸು ಹೋಗುತ್ತದೆ. ಕ್ಯಾನ್ಸರ್ ಲೋಟದಿಂದಾಗಲಿ ಉಸಿರಿನಿಂದಾಗಲಿ ಯಾರಿಗೂ ಅಂಟುವುದಿಲ್ಲ. ಆದರೆ ಆ ಒಂದು ಕ್ರಿಯಾಪದ ಅಂಟಿಸಿಬಿಟ್ಟಿತು.

‘ಶ್ವಾಸಕೋಶದ ಕ್ಯಾನ್ಸರ್’ ಅಂತಲೂ ಬರೆಯುವಂತಿಲ್ಲ. ಅಲ್ಲಿ ಕೂತಿರುವುದು ಕರುಳಿನ ಕ್ಯಾನ್ಸರಿನದೇ ಜೀವಕೋಶ. ಔಷಧವೂ ಕರುಳಿನದ್ದೇ: ಫ್ಲೋರೋಯುರಾಸಿಲ್, ಜೊತೆಗೆ ಆಕ್ಸಾಲಿಪ್ಲಾಟಿನ್ ಅಥವಾ ಇರಿನೊಟೆಕಾನ್. “ನಾನು ಬೀಡಿ ಮುಟ್ಟಿದವಳಲ್ಲ, ನನಗೆ ಯಾಕೆ ಶ್ವಾಸಕೋಶದ್ದು?” ಅಂತ ದೊಡ್ಡಮ್ಮ ಕೇಳುತ್ತಲೇ ಇದ್ದರು.

ಮಲಯಾಳದಲ್ಲಿ ಒಬ್ಬರಿಂದ ಒಬ್ಬರಿಗೆ ದಾಟುವುದಕ್ಕೆ ‘ಪಗರುಗ’ ಅಂತ ಬೇರೆ ಪದ ಇದೆ. ಹಾಗಾಗಿ ಅವರು ‘ಪಡರುಗ’ ಅಂತ ಬರೆದು ಪಾರಾದರು. ನಮಗೆ? ‘ಸ್ಥಾನಾಂತರ’ ಅಂದರೆ ಕರುಳನ್ನು ಬಿಟ್ಟು ಹೋಯಿತು ಅಂತ ಓದುತ್ತಾರೆ. ‘ಹಬ್ಬಿದೆ’ ಆದೀತೇ?

— ನೀರ್ಚಾಲು ಕಡೆಯಿಂದ

‘ಹಬ್ಬು’ವೇ ಸರಿ. ಇದರಲ್ಲಿ ಚರ್ಚೆಗೆ ಏನೂ ಇಲ್ಲ. ಹಳಗನ್ನಡದಲ್ಲಿ ಪರ್ಬು, ಈಗ ಹಬ್ಬು. ಬಳ್ಳಿ ಹಬ್ಬುತ್ತದೆ, ಬುಡ ಒಂದೇ ಇರುತ್ತದೆ. ಹರಡುವುದು ಅಂದರೆ ಬಿಡಿಬಿಡಿಯಾಗಿ ಚೆಲ್ಲುವುದು, ಅಂಗಳದಲ್ಲಿ ಅಡಿಕೆ ಹರಡಿದ ಹಾಗೆ. ಇನ್ನು ಯಾರಾದರೂ ‘ಹಬ್ಬ’ವನ್ನು ಎಳೆದು ತರುವ ಮೊದಲೇ ಹೇಳುತ್ತೇನೆ: ಅದು ಪರ್ವದಿಂದ ಬಂದದ್ದು, ತುಳುವರ ಬಾಯಲ್ಲಿ ಈಗಲೂ ‘ಪರ್ಬ’. ಎರಡಕ್ಕೂ ಸಂಬಂಧ ಇಲ್ಲ.

— ಕುಂಬಳೆ

ಮೊದಲು ‘ಕ್ಯಾನ್ಸರ್’ ತೆಗೆಯಿರಿ. ಗ್ರೀಕರು ಏಡಿ ಅಂದರು, ನಾವೂ ‘ಏಡಿಹುಣ್ಣು’ ಅನ್ನಬಹುದು. ಒಂದು ಕಡೆ ಇಂಗ್ಲಿಷು, ಇನ್ನೊಂದು ಕಡೆ ಮಲಯಾಳ ಪೇಪರಿನ ‘ಅರ್ಬುದ’. ಬಸ್ಸಿನ ಬೋರ್ಡಿನಲ್ಲಿ ಕನ್ನಡ ಉಳಿಸಲು ಹೆಣಗುವ ಊರಿನವರು ನಾವು. ಕರಪತ್ರದಲ್ಲೂ ಸಾಲದ ಪದವೇ ಬೇಕಾ?

— ಮಂಜೇಶ್ವರ

ಅರ್ಬುದ ಮಲಯಾಳದ್ದಲ್ಲ. ಸುಶ್ರುತ ಸಂಹಿತೆಯಲ್ಲೇ ಇದೆ. ತಿಳಿದು ಬರೆಯಿರಿ.

— ಕುಂಬಳೆ

ನಾನು ಹನ್ನೊಂದು ವರ್ಷ ಮಂಗಳೂರಿನಲ್ಲಿ ನರ್ಸ್ ಆಗಿದ್ದವಳು. ಹುಣ್ಣು ಅಂದರೆ ಜನ ಮುಲಾಮು ಕೇಳುತ್ತಾರೆ. ಕ್ಯಾನ್ಸರ್ ಎಲ್ಲರಿಗೂ ಗೊತ್ತಿರುವ ಪದ, ಸುಮ್ನೆ ಬಿಡಿ.

ಮಾಷ್ಟ್ರೇ, ‘ಹಬ್ಬು’ ನನಗೆ ಒಪ್ಪಿಗೆ ಇಲ್ಲ. ಇಲ್ಲಿ ಬಳ್ಳಿಯ ಹಾಗೆ ಒಂದೇ ಸಮನೆ ಬೆಳೆದುಕೊಂಡು ಹೋಗುವುದಿಲ್ಲ. ಜೀವಕೋಶ ಕಳಚಿಕೊಂಡು ರಕ್ತದಲ್ಲಿ ಹೋಗುತ್ತದೆ. ಕರುಳಿನ ರಕ್ತ ಮೊದಲು ಪಿತ್ತಜನಕಾಂಗಕ್ಕೆ ಹೋಗುವುದರಿಂದ ಜಾಸ್ತಿ ಜನರಲ್ಲಿ ಅಲ್ಲೇ ಮೊದಲು ಕಾಣುತ್ತದೆ. ಗುದನಾಳದ ಕೆಳಭಾಗದ ರಕ್ತಕ್ಕೆ ಬೇರೆ ದಾರಿಯೂ ಇದೆ, ಹೃದಯಕ್ಕೆ ಹೋಗಿ ನೇರ ಶ್ವಾಸಕೋಶಕ್ಕೆ. ‘ಹಬ್ಬಿದೆ’ ಅಂತ ಕೇಳಿದವರು ಎಲ್ಲಾ ಕಡೆ ತುಂಬಿಹೋಗಿದೆ, ಇನ್ನೇನೂ ಮಾಡಲಿಕ್ಕಿಲ್ಲ ಅಂತ ಚೀಟಿ ಮಡಚಿ ಮನೆಗೆ ಹೋಗುವುದನ್ನು ನಾನು ನೋಡಿದ್ದೇನೆ. ಶ್ವಾಸಕೋಶದಲ್ಲಿ ಒಂದೆರಡೇ ಗಂಟು ಇದ್ದರೆ ಕೆಲವರಿಗೆ ಆಪರೇಷನ್ ಮಾಡಿ ತೆಗೆಯುತ್ತಾರೆ, ಇಲ್ಲವೇ ಗುರಿಯಿಟ್ಟು ವಿಕಿರಣ ಕೊಡುತ್ತಾರೆ. ಎಷ್ಟು ಗಂಟು, ಎಲ್ಲಿ, ಬೇರೆ ಕಡೆ ಇದೆಯಾ ಅಂತ ನೋಡಿ ತೀರ್ಮಾನ ಮಾಡುತ್ತಾರೆ. ಪದ ಕೇಳಿಯೇ ಅವರು ಎದ್ದು ಹೋಗಬಾರದು.

ನಾನು ಬಾಳೆಕಂದು ಅನ್ನುತ್ತಿದ್ದೆ. ಕದಳಿಯ ಕಂದನ್ನು ಕಿತ್ತು ಆಚೆ ತೋಟದಲ್ಲಿ ನೆಟ್ಟರೂ ಅದು ಕದಳಿಯೇ ಅಲ್ವಾ? ತೋಟದವರಿಗೆ ತಕ್ಷಣ ಅರ್ಥ ಆಗುತ್ತಿತ್ತು.

— ಉಪ್ಪಳ

ಕಂದು ಬೇಡ ಅಕ್ಕ. ತಮಿಳಿನ ಕನ್ಱು, ನಮ್ಮ ಕಂದು, ಕಂದ, ಎಲ್ಲಾ ಒಂದೇ ಬೇರು. ಮಗುವನ್ನು ಕರೆಯುವ ಪದವನ್ನು ರೋಗಕ್ಕೆ ಇಡಬಾರದು. ಕರುಳು ಅಂದರೂ ನಮಗೆ ಪ್ರೀತಿಯೇ. ಅದೊಂದು ಸಾಕು.

— ಕುಂಬಳೆ

ಎಲ್ಲರಿಗೂ ಋಣಿ. ಏಡಿಹುಣ್ಣನ್ನು ಬಿಟ್ಟಿದ್ದೇನೆ. ಮಂಜೇಶ್ವರದವರ ಸಂಕಟ ನನ್ನದೂ ಹೌದು, ಆದರೆ ಈ ಕಾಗದ ಓದುವವರು ಹೆದರಿಕೊಂಡು ಓದುತ್ತಾರೆ. ಅವರ ಕೈಗೆ ಹೊಸ ಪದ ಕೊಡಲಾರೆ. ಮೆಟಾಸ್ಟಾಸಿಸ್ಸಿಗೆ ಒಂದು ಪದ ಹುಡುಕುವುದನ್ನೂ ಬಿಟ್ಟು ವಾಕ್ಯವನ್ನೇ ಬರೆದೆ: “ಕರುಳಿನ ಕ್ಯಾನ್ಸರಿನ ಕೆಲವು ಜೀವಕೋಶಗಳು ರಕ್ತದ ಮೂಲಕ ಹೋಗಿ ಶ್ವಾಸಕೋಶದಲ್ಲಿ ನೆಲೆ ನಿಂತಿವೆ. ಇದು ಹೊಸ ಕ್ಯಾನ್ಸರ್ ಅಲ್ಲ. ಇನ್ನೊಬ್ಬರಿಗೆ ಅಂಟುವುದಿಲ್ಲ. ಒಟ್ಟಿಗೆ ಊಟ ಮಾಡಿ.” ಕೊನೆಯ ಮಾತು ಮೂಲದಲ್ಲಿ ಇಲ್ಲ, ನಾನು ಸೇರಿಸಿದ್ದು. ಬಾಳೆಕಂದನ್ನು ಹೆಸರಾಗಿ ಅಲ್ಲ, ಹೋಲಿಕೆಯಾಗಿ ಎರಡನೇ ಪುಟದಲ್ಲಿ ಇಟ್ಟಿದ್ದೇನೆ. ಮಾಷ್ಟ್ರು ಕ್ಷಮಿಸಬೇಕು.

ಇನ್ನೊಂದು ಉಳಿದಿದೆ. ಆಕ್ಸಾಲಿಪ್ಲಾಟಿನ್ ಕೊಟ್ಟ ದಿನಗಳಲ್ಲಿ ತಣ್ಣೀರು ಮುಟ್ಟಿದರೆ ಬೆರಳು ಚುರುಚುರು ಅನ್ನುತ್ತದೆ, ಕುಡಿದರೆ ಗಂಟಲು ಹಿಡಿದ ಹಾಗಾಗುತ್ತದೆ. ಇದಕ್ಕೆ ‘ಜೋಮು’ ಅಂತ ಬರೆದಿದ್ದೇನೆ. ನಿಮ್ಮ ಮನೆಗಳಲ್ಲಿ ಬೇರೆ ಮಾತಿದ್ದರೆ ಶುಕ್ರವಾರ ಸಂಜೆಯೊಳಗೆ ತಿಳಿಸಿ.

— ನೀರ್ಚಾಲು